ಮಗುವಿಗೆ ಮಂಪರು ಔಷಧಿ: ಉಸಿರು ಕಾಯುವವರು ಯಾರು?

ದಾವಣಗೆರೆ: ಸಂಜೆ ಐದರ ಹೊತ್ತಿಗೆ ಜಗಳೂರು ಕಡೆಗೆ ಹೊರಟ ಬಸ್ಸು ಹತ್ತಿ ನೋಡಿ. ಕಿಟಕಿ ಪಕ್ಕ ಒಬ್ಬ ತಾಯಿ. ಮಡಿಲಲ್ಲಿ ಮೂರು ನಾಲ್ಕು ವರ್ಷದ ಕೂಸು. ಕೈಯಲ್ಲಿ ಆಸ್ಪತ್ರೆಯ ಪ್ಲಾಸ್ಟಿಕ್ ಕವರು, ಅದರೊಳಗೆ ಎಕ್ಸ್‌ರೇ, ಔಷಧಿ ಚೀಟಿ. ಕೂಸು ಗಾಢ ನಿದ್ದೆಯಲ್ಲಿದೆ. ಬಸ್ಸು ಗುಂಡಿಗೆ ಇಳಿದಾಗೆಲ್ಲ ತಲೆ ಎದೆಯ ಮೇಲೆ ಜೋಲುತ್ತದೆ. ಅಕ್ಕಪಕ್ಕದವರು ಕನಿಕರದಿಂದ ಹೇಳುತ್ತಾರೆ: 'ಪಾಪ, ಸುಸ್ತಾಗಿ ಮಲಗೈತೆ, ಎಬ್ಬಿಸಬ್ಯಾಡಮ್ಮ.'

ಎಬ್ಬಿಸಬೇಕು ಸ್ವಾಮಿ. ಅದು ಸುಸ್ತಿನ ನಿದ್ದೆಯಾಗಿದ್ದರೆ ಮಾತು ಬೇರೆ. ಬೆಳಿಗ್ಗೆ ಹುಳುಕು ಹಲ್ಲು ಕೀಳಿಸಲೋ, ತಲೆ ಸ್ಕ್ಯಾನ್ ಮಾಡಿಸಲೋ ಕರೆತಂದ ಕೂಸಿಗೆ ಮಂಪರು ಔಷಧಿ ಕುಡಿಸಿದ್ದರೆ, ಅದರ ಮತ್ತು ಇನ್ನೂ ಇಳಿದಿಲ್ಲ ಎಂದು ಅರ್ಥ. ಜೋಲುಬಿದ್ದ ಕತ್ತಿನೊಳಗೆ ಉಸಿರಿನ ದಾರಿ ಮಡಚಿಕೊಂಡಿರುತ್ತದೆ, ತೋಟದ ಪೈಪು ಮಡಚಿದ ಹಾಗೆ. ಎಚ್ಚರವಿದ್ದ ಮಗು ತಾನೇ ಕತ್ತು ಎತ್ತಿಕೊಳ್ಳುತ್ತದೆ. ಸಹಜ ನಿದ್ದೆಯಲ್ಲಿರುವ ಮಗು ಉಸಿರು ಕಟ್ಟಿದರೆ ಕೊಸರಾಡಿ ಹೊರಳುತ್ತದೆ. ಮತ್ತಿನಲ್ಲಿರುವ ಮಗು ಅದನ್ನೂ ಮಾಡಲಿಕ್ಕಿಲ್ಲ. ಸದ್ದಿಲ್ಲದೆ ತುಟಿ ನೀಲಿಗಟ್ಟುತ್ತದೆ. ಸದ್ದಿಲ್ಲದಿರುವುದೇ ಇದರಲ್ಲಿರುವ ಮೋಸ.

ನಮ್ಮ ಊರಿಗೆ ಈ ಮಾತು ಬೇರೆ ಊರುಗಳಿಗಿಂತ ಹೆಚ್ಚು ಹತ್ತಿರದ್ದು. 1965ರಲ್ಲಿ ಇಲ್ಲಿ ವೈದ್ಯಕೀಯ ಕಾಲೇಜು ಬಂತು, 1979ರಲ್ಲಿ ದಂತ ಕಾಲೇಜು ಬಂತು. ಅಂದಿನಿಂದ ಹರಿಹರ, ಹರಪನಹಳ್ಳಿ, ಚನ್ನಗಿರಿ, ಹೊನ್ನಾಳಿ, ಆ ಕಡೆ ರಾಣೇಬೆನ್ನೂರಿನ ಜನಕ್ಕೂ ಹಲ್ಲು ನೋವೆಂದರೆ ದಾವಣಗೆರೆ, ಮಗುವಿಗೆ ಫಿಟ್ಸ್ ಎಂದರೆ ದಾವಣಗೆರೆ. ದೊಡ್ಡ ಆಸ್ಪತ್ರೆಗಳ ಜೊತೆಗೆ ಬೀದಿಗೊಂದು ಹಲ್ಲಿನ ಶಾಪೂ ತೆರೆದುಕೊಂಡಿದೆ. ಮಗು ಬಾಯಿ ಬಿಡದಿದ್ದರೆ, ಸ್ಕ್ಯಾನ್ ಮಂಚದ ಮೇಲೆ ಸುಮ್ಮನೆ ಮಲಗದಿದ್ದರೆ ಒಂದು ಮಾತು ಬರುತ್ತದೆ: 'ಸ್ವಲ್ಪ ಮತ್ತು ಕೊಡಬೇಕಾಗುತ್ತೆ.' ಅಪ್ಪ ಕೇಳುವುದು ಎಷ್ಟು ಖರ್ಚು ಎಂದು. ಅವ್ವ ಕೇಳುವುದು ಎಷ್ಟು ಹೊತ್ತು ಎಂದು. ಕೊಟ್ಟ ಮೇಲೆ ನಮ್ಮ ಕೂಸನ್ನು ನೋಡಿಕೊಳ್ಳುವವರು ಯಾರು ಎಂದು ಕೇಳುವವರು ಕಡಿಮೆ. ಕೇಳಬೇಕಾದ ಪ್ರಶ್ನೆ ಅದೇ.

ಕೈಕಾಲು ಹಿಡಿಯುವ ಕಾಲ ಹೋಯಿತು

ಮಂಪರು ಔಷಧಿಯೇ ಕೆಟ್ಟದ್ದು ಎಂದು ಯಾರೂ ತಿಳಿಯಬಾರದು. ಅದಿಲ್ಲದ ಕಾಲದಲ್ಲಿ ಏನು ನಡೆಯುತ್ತಿತ್ತು ಎಂಬುದನ್ನು ಐವತ್ತು ದಾಟಿದವರು ನೆನಪಿಸಿಕೊಳ್ಳಲಿ. ಅಪ್ಪ ತೊಡೆಯ ಮೇಲೆ ಕೂರಿಸಿಕೊಂಡು ಎರಡೂ ಕೈ ಹಿಡಿಯುವುದು, ಮಾವ ಕಾಲು ಹಿಡಿಯುವುದು, ಕಾಂಪೌಂಡರು ತಲೆ ಹಿಡಿಯುವುದು, ಡಾಕ್ಟರು ಇಕ್ಕಳ ಹಾಕುವುದು. ಆ ಮಗು ಮುಂದೆ ನಲವತ್ತು ವರ್ಷದ ಗಂಡಸಾದರೂ ಹಲ್ಲಿನ ಡಾಕ್ಟರ ಬೋರ್ಡು ಕಂಡರೆ ರಸ್ತೆಯ ಆ ಬದಿಗೆ ದಾಟುತ್ತದೆ. ಎಂಆರ್‌ಐ ಸ್ಕ್ಯಾನಿನಲ್ಲಂತೂ ಹಿಡಿದು ಕೂರಿಸಿ ಪ್ರಯೋಜನವಿಲ್ಲ. ಗುಹೆಯಂಥ ಯಂತ್ರ, ತಗಡು ಬಡಿದಂಥ ಸದ್ದು, ಅರ್ಧ ಗಂಟೆಯ ಮೇಲೆ ಅಲುಗಾಡದೆ ಮಲಗಬೇಕು. ಮೂರು ವರ್ಷದ ಮಗುವಿನಿಂದ ಆಗುವ ಮಾತೇ?

ಆದ್ದರಿಂದ ಮತ್ತು ಕೊಡುವುದು ದಯೆಯ ಕೆಲಸವೇ. ಆದರೆ ಕೆಲಸ ಚಿಕ್ಕದು, ಹಾಗಾಗಿ ಮತ್ತೂ ಚಿಕ್ಕದು ಎನ್ನುವ ಲೆಕ್ಕ ತಪ್ಪು. ಈ ಲೆಕ್ಕ ತಪ್ಪಿದ ಮೊದಲ ದಾಖಲೆ 1848ರ ಜನವರಿ 28ರದು. ಇಂಗ್ಲೆಂಡಿನ ನ್ಯೂಕಾಸಲ್ ಹತ್ತಿರದ ವಿನ್ಲಾಟನ್ ಎಂಬ ಹಳ್ಳಿಯಲ್ಲಿ ಹ್ಯಾನಾ ಗ್ರೀನರ್ ಎಂಬ 15 ವರ್ಷದ ಹುಡುಗಿಗೆ ಕಾಲ್ಬೆರಳಿನ ಉಗುರು ತೆಗೆಯಬೇಕಿತ್ತು. ಉಗುರು, ಅಷ್ಟೇ! ಬಟ್ಟೆಯ ಮೇಲೆ ಸುಮಾರು ಒಂದು ಚಮಚೆ ಕ್ಲೋರೋಫಾರಂ ಹಾಕಿ ಮೂಗಿಗೆ ಹಿಡಿದರು. ಎರಡು ಮೂರು ನಿಮಿಷದೊಳಗೆ ಹುಡುಗಿ ಇಲ್ಲ. ಗಾಬರಿಯಲ್ಲಿ ಬಾಯಿಗೆ ನೀರು, ಬ್ರಾಂದಿ ಬಿಟ್ಟರು. ಸತ್ತದ್ದು ಕ್ಲೋರೋಫಾರಮ್ಮಿನಿಂದಲೋ, ಪ್ರಜ್ಞೆ ಇಲ್ಲದ ಬಾಯಿಗೆ ಬಿಟ್ಟ ನೀರು ಬ್ರಾಂದಿ ಉಸಿರು ಕಟ್ಟಿಸಿದ್ದರಿಂದಲೋ ಎಂದು ಆ ಕಾಲದ ದೊಡ್ಡ ಡಾಕ್ಟರುಗಳೇ ಜಗಳವಾಡಿದರು.

ಆ ಜಗಳ ನಮ್ಮ ನೆರೆಗೂ ಬಂತು. 1888 ಮತ್ತು 1889ರಲ್ಲಿ ಹೈದರಾಬಾದಿನ ನಿಜಾಮರು ಹಣ ಕೊಟ್ಟು ಎರಡು ಸಲ ಕ್ಲೋರೋಫಾರಂ ಕಮಿಷನ್ ನಡೆಸಿದರು. ಬೀದರ್, ರಾಯಚೂರು, ಕಲಬುರಗಿಗಳೆಲ್ಲ ಆಗ ಅವರ ಸೀಮೆ. ಅಲ್ಲಿನ ರೆಸಿಡೆನ್ಸಿ ಸರ್ಜನ್ ಎಡ್ವರ್ಡ್ ಲಾರಿಯ ಹಟ ಒಂದೇ: ನಾಡಿ ಹಿಡಿದು ಕೂರಬೇಡಿ, ಉಸಿರು ನೋಡಿ. ಕ್ಲೋರೋಫಾರಂ ಹೃದಯವನ್ನು ಮುಟ್ಟುವುದಿಲ್ಲ ಎಂಬ ಅವನ ಇನ್ನೊಂದು ಮಾತು ಮುಂದೆ ಸುಳ್ಳಾಯಿತು, ಅದು ಬೇರೆ ವಿಚಾರ. ಉಸಿರು ನೋಡಿ ಎಂದದ್ದು ಮಾತ್ರ ಇಂದಿಗೂ ನಿಂತಿದೆ. ಮಕ್ಕಳ ವಿಷಯದಲ್ಲಂತೂ ನೂರಕ್ಕೆ ನೂರು.

ತಕ್ಕಡಿ ಇಲ್ಲದ ವ್ಯಾಪಾರ

ಮಂಡಿಪೇಟೆಯ ವ್ಯಾಪಾರಿಗೆ ಇದನ್ನು ಹೇಳಿದರೆ ತಟ್ಟನೆ ಅರ್ಥವಾದೀತು. ಏಲಕ್ಕಿಯನ್ನು ಯಾರಾದರೂ ಕಣ್ಣಳತೆಯಲ್ಲಿ ಮಾರುತ್ತಾರೆಯೇ? ಮಕ್ಕಳ ಮಂಪರು ಔಷಧಿ ಏಲಕ್ಕಿಗಿಂತ ಸೂಕ್ಷ್ಮ. ವಯಸ್ಸು ನೋಡಿ ಕೊಡುವುದಲ್ಲ, ತೂಕ ನೋಡಿ ಕೊಡುವುದು. ಒಂದೇ ಅಂಗನವಾಡಿಯ ಇಬ್ಬರು ನಾಲ್ಕು ವರ್ಷದ ಮಕ್ಕಳಲ್ಲಿ ಒಬ್ಬ 12 ಕಿಲೋ, ಇನ್ನೊಬ್ಬ 18 ಕಿಲೋ ಇರುತ್ತಾನೆ. ಇಬ್ಬರಿಗೂ 'ಒಂದು ಮುಚ್ಚಳ' ಎಂದರೆ ಒಬ್ಬನಿಗೆ ಒಂದೂವರೆ ಪಟ್ಟು ಬಿತ್ತು. ಆದ್ದರಿಂದ ಅದೇ ದಿನ, ಅದೇ ಜಾಗದಲ್ಲಿ ಮಗುವನ್ನು ತೂಗಬೇಕು. ಹೋದ ಜಾತ್ರೆಯಲ್ಲಿ ತೂಗಿದ ತೂಕ ಹೇಳಿದರೆ ಆಗದು. ತಕ್ಕಡಿ ಇಲ್ಲದ ಕಡೆ ಮತ್ತು ಕೊಡುತ್ತೇವೆ ಎಂದರೆ ಎದ್ದು ಬರುವುದೇ ಮೇಲು.

ತೂಕ ಸರಿಯಿದ್ದರೂ ಮುಗಿಯಲಿಲ್ಲ. ಮತ್ತು ಎಂಬುದು ಮೆಟ್ಟಿಲಿನ ಹಾಗೆ. ಮೊದಲ ಮೆಟ್ಟಿಲಲ್ಲಿ ಮಗು ಎಚ್ಚರವಾಗಿಯೇ ಇರುತ್ತದೆ, ಹೆದರಿಕೆ ಮಾತ್ರ ಹೋಗಿರುತ್ತದೆ. ಎರಡನೆಯದರಲ್ಲಿ ತೂಗಡಿಸುತ್ತದೆ, ಕರೆದರೆ 'ಊಂ' ಎನ್ನುತ್ತದೆ. ಮೂರನೆಯದರಲ್ಲಿ ಚಿವುಟಿದರೆ ಮಾತ್ರ ಮಿಸುಕುತ್ತದೆ, ಉಸಿರಿಗೆ ಸಹಾಯ ಬೇಕಾದರೂ ಬೇಕಾಗಬಹುದು. ನಾಲ್ಕನೆಯದು ಪೂರಾ ಅರಿವಳಿಕೆ, ಆಪರೇಷನ್ ಥಿಯೇಟರಿನದು. ಕಷ್ಟವೆಂದರೆ ಈ ಮೆಟ್ಟಿಲುಗಳ ನಡುವೆ ಬಾಗಿಲಿಲ್ಲ. ಎರಡರಲ್ಲಿ ನಿಲ್ಲಿಸಬೇಕೆಂದು ಕೊಟ್ಟದ್ದು ಒಂದು ಮಗುವನ್ನು ಒಂದರಲ್ಲೇ ಬಿಡುತ್ತದೆ, ಅದು ಚೀರುತ್ತಲೇ ಇರುತ್ತದೆ. ಇನ್ನೊಂದನ್ನು ಮೂರಕ್ಕೆ ಜಾರಿಸುತ್ತದೆ. ಕೊಡುವವರು ತಾವು ಅಂದುಕೊಂಡದ್ದಕ್ಕಿಂತ ಒಂದು ಮೆಟ್ಟಿಲು ಆಳಕ್ಕೆ ಹೋದ ಮಗುವನ್ನು ಮೇಲೆತ್ತಲು ಬಲ್ಲವರಾಗಿರಬೇಕು. ಎರಡನೆಯ ಮೆಟ್ಟಿಲ ವಿದ್ಯೆ ಮಾತ್ರ ಇದ್ದವರು ಎರಡನೆಯ ಮೆಟ್ಟಿಲಿಗೆ ಕೈ ಹಾಕಬಾರದು.

ಮಗುವಿನ ಮೈಯೂ ಇದಕ್ಕೆ ಸಹಕರಿಸುವುದಿಲ್ಲ. ಬಾಯಿಗೆ ಹೋಲಿಸಿದರೆ ನಾಲಿಗೆ ದೊಡ್ಡದು, ಉಸಿರಿನ ದಾರಿ ಕಿರಿದು, ಹಲವು ಮಕ್ಕಳಲ್ಲಿ ಟಾನ್ಸಿಲ್ ಬೇರೆ ಊದಿರುತ್ತದೆ. ತೂಕಕ್ಕೆ ತಕ್ಕ ಹಾಗೆ ಲೆಕ್ಕ ಹಾಕಿದರೆ ಅದರ ಮೈಗೆ ದೊಡ್ಡವರಿಗಿಂತ ಹೆಚ್ಚು ಆಮ್ಲಜನಕ ಬೇಕು, ಕೂಡಿಟ್ಟದ್ದು ಕಡಿಮೆ. ಉಸಿರು ನಿಂತರೆ ದೊಡ್ಡವರಿಗಿಂತ ಬಲು ಬೇಗ ಕೈ ಬರಿದಾಗುತ್ತದೆ. ಇಂಥದ್ದಕ್ಕೆ ಸಿಗುವ ಕಾಲ ಗಂಟೆಯಲ್ಲ, ನಿಮಿಷ.

ಅಮೆರಿಕದ ಪಾಠ

ಅಮೆರಿಕದಲ್ಲಿ ಒಂದೇ ಹಲ್ಲಿನ ಚಿಕಿತ್ಸಾಲಯದಲ್ಲಿ ಮೂರು ಮಕ್ಕಳು ಮತ್ತಿನಲ್ಲೇ ಸತ್ತ ಮೇಲೆ ಅಲ್ಲಿನ ಮಕ್ಕಳ ವೈದ್ಯರ ಸಂಘ 1985ರಲ್ಲಿ ಮೊದಲ ಬಾರಿಗೆ ನಿಯಮಾವಳಿ ಬರೆಯಿತು. ಅದು ಮುಂದೆ ಹಲವು ಸಲ ತಿದ್ದುಪಡಿಯಾಗಿ 2019ರಲ್ಲಿ ಮತ್ತೆ ಹೊಸದಾಯಿತು. ನಡುವೆ 2000ದಲ್ಲಿ ಚಾರ್ಲ್ಸ್ ಕೋಟೆ ಎಂಬ ಅರಿವಳಿಕೆ ತಜ್ಞರು ತಮ್ಮ ಸಂಗಡಿಗರ ಜೊತೆ ಎಡವಟ್ಟಾದ 95 ಪ್ರಕರಣ ಹುಡುಕಿ ತೆಗೆದು ಒಂದೊಂದನ್ನೂ ಬಿಚ್ಚಿ ನೋಡಿದರು. 51 ಮಕ್ಕಳು ಸತ್ತಿದ್ದರು. 9 ಮಕ್ಕಳ ಮೆದುಳಿಗೆ ಶಾಶ್ವತ ಪೆಟ್ಟು ಬಿದ್ದಿತ್ತು.

ಯಾವ ಔಷಧಿ ಕೊಂದಿತು ಎಂದು ಹುಡುಕಿದರೆ ಇಂಥದ್ದೇ ಎಂದು ಬೆರಳು ತೋರಿಸಲಾಗಲಿಲ್ಲ. ಕುಡಿಸಿದ್ದೋ ಚುಚ್ಚಿದ್ದೋ ಎಂಬುದೂ ಮುಖ್ಯವಾಗಲಿಲ್ಲ. ಅಳತೆ ಮೀರಿದ್ದು, ಮೂರು ಮೂರು ಔಷಧಿ ಬೆರೆಸಿ ಕೊಟ್ಟದ್ದು, ಮನೆಯಲ್ಲೇ ಕುಡಿಸಿ ಕರೆತಂದದ್ದು, ಪೂರಾ ಎಚ್ಚರವಾಗುವ ಮೊದಲೇ ಕಳಿಸಿದ್ದು, ಇವೇ ಮತ್ತೆ ಮತ್ತೆ ಕಂಡವು. ಕೆಲವು ಮಕ್ಕಳಿಗೆ ಅಪಾಯವಾದದ್ದು ಆಸ್ಪತ್ರೆಯ ದಾರಿಯಲ್ಲಿ, ಕೆಲವಕ್ಕೆ ಮನೆಗೆ ಮರಳುವ ದಾರಿಯಲ್ಲಿ. ಅಳತೆ ಸರಿಯಿದ್ದಾಗಲೂ ಕೆಲವು ಕಡೆ ಎಡವಟ್ಟಾಗಿತ್ತು. ಇನ್ನೊಂದು ಅಂಕಿ ನೋಡಿ. ಆಸ್ಪತ್ರೆಯೊಳಗೆ ಎಡವಟ್ಟಾದಾಗ ನೂರಕ್ಕೆ ಸುಮಾರು 37 ಮಕ್ಕಳು ಸತ್ತರು ಇಲ್ಲವೇ ಮೆದುಳು ಕೆಟ್ಟಿತು. ಆಸ್ಪತ್ರೆಯ ಹೊರಗಿನ ಚಿಕಿತ್ಸಾಲಯಗಳಲ್ಲಿ ಎಡವಟ್ಟಾದಾಗ ನೂರಕ್ಕೆ ಸುಮಾರು 93. ಎರಡೂ ಕಡೆ ಶುರುವಾದದ್ದು ಹೆಚ್ಚಾಗಿ ಉಸಿರಿನ ತೊಂದರೆಯಿಂದಲೇ. ಒಂದು ಕಡೆ ಎತ್ತುವ ಕೈಗಳಿದ್ದವು, ಇನ್ನೊಂದು ಕಡೆ ಸಾಲಲಿಲ್ಲ.

ಬ್ರಿಟನ್ ಇನ್ನೂ ಖಡಾಖಂಡಿತ. ಹಲ್ಲಿನ ಕುರ್ಚಿಯಲ್ಲೇ ಪೂರಾ ಅರಿವಳಿಕೆ ಕೊಡುವ ಹಳೆಯ ಪದ್ಧತಿಯನ್ನು 2001ರ ಕೊನೆಗೆ ನಿಲ್ಲಿಸಿಬಿಟ್ಟಿತು. ಪೂರಾ ಪ್ರಜ್ಞೆ ತಪ್ಪಿಸಬೇಕೇ? ತುರ್ತು ನಿಗಾ ಸೌಲಭ್ಯವಿರುವ ಆಸ್ಪತ್ರೆಗೇ ಹೋಗಿ ಎಂದಿತು. ಕ್ಯಾಲಿಫೋರ್ನಿಯಾದಲ್ಲಿ 2015ರಲ್ಲಿ ಆರು ವರ್ಷದ ಹುಡುಗನೊಬ್ಬ ಹಲ್ಲು ಕೀಳಿಸಿಕೊಳ್ಳುವಾಗ ಮತ್ತಿನಲ್ಲೇ ಹೋದ. ಅಲ್ಲಿ ಹಲ್ಲು ಕೀಳುತ್ತಿದ್ದವರೂ, ಮತ್ತಿನ ಜವಾಬ್ದಾರಿ ಹೊತ್ತವರೂ ಒಬ್ಬರೇ. ಮರುವರ್ಷ, ತಂದೆತಾಯಿಗೆ ಮೊದಲೇ ಎಲ್ಲ ತಿಳಿಸಿ ಬರಹದಲ್ಲಿ ಒಪ್ಪಿಗೆ ಪಡೆಯಬೇಕೆಂದು ಕಾನೂನು ಬಂತು.

ಒಬ್ಬನೇ ಮನುಷ್ಯ ಬಾಯಿಯೊಳಗಿನ ಹಲ್ಲನ್ನೂ ನೋಡಬೇಕು, ಎದೆಯ ಏರಿಳಿತವನ್ನೂ ನೋಡಬೇಕು ಎಂದರೆ ಹೇಗೆ? ಡ್ರೈವರನೇ ಟಿಕೆಟ್ಟೂ ಹರಿದ ಹಾಗೆ. ಖಾಲಿ ರಸ್ತೆಯಲ್ಲಿ ನಡೆದೀತು, ಘಾಟಿಯಲ್ಲಿ ನಡೆಯದು. ಈಗಿನ ನಿಯಮದ ಸಾರ ಇಷ್ಟೇ: ಮಗು ಆಳದ ಮತ್ತಿನಲ್ಲಿದ್ದರೆ ಅದನ್ನು ನೋಡುವುದು ಬಿಟ್ಟರೆ ಬೇರೆ ಕೆಲಸವೇ ಇಲ್ಲದ, ಉಸಿರು ಕಟ್ಟಿದರೆ ಬಿಡಿಸಲು ಬಲ್ಲ, ತರಬೇತಾದ ಒಬ್ಬರು ಅಲ್ಲಿರಬೇಕು. ಸಾಮಾನ್ಯವಾಗಿ ಅನಸ್ತೇಷಿಯ ಡಾಕ್ಟರು. ಹಲ್ಲಿಗೆ ಬೇರೆಯವರು, ಉಸಿರಿಗೆ ಬೇರೆಯವರು. ಬಾಗಿಲಲ್ಲಿ ಚೀಟಿ ಬರೆಯುವ ಹುಡುಗಿಯನ್ನು 'ಸ್ವಲ್ಪ ನೋಡ್ತಿರಮ್ಮ' ಎಂದು ನಿಲ್ಲಿಸಿದರೆ ಲೆಕ್ಕಕ್ಕಿಲ್ಲ.

ಬೆರಳಿಗೆ ಸಿಕ್ಕಿಸುವ ಮೀಟರನ್ನು ಕೋವಿಡ್ ಕಾಲದಲ್ಲಿ ಎಲ್ಲರೂ ನೋಡಿದ್ದಾರೆ. ಅದರ ಮೂಲ ಯೋಚನೆ ಜಪಾನಿನ ಎಂಜಿನಿಯರ್ ಟಾಕುವೊ ಅಯೋಯಗಿಯದು, 1974ರ ಸುಮಾರಿನದು. ಮತ್ತು ಕೊಟ್ಟ ಮಗುವಿನ ಬೆರಳಿಗೆ ಅದು ಇರಲೇಬೇಕು. ಆದರೆ ಅದನ್ನೊಂದೇ ನಂಬಿ ಕೂರುವಂತಿಲ್ಲ. ಉಸಿರು ನಿಂತ ಕೂಡಲೇ ಅಂಕಿ ಇಳಿಯುವುದಿಲ್ಲ. ಆಮ್ಲಜನಕ ಹಚ್ಚಿದ್ದರಂತೂ ಉಸಿರಾಟ ನಿಂತ ಮೇಲೂ ಸ್ವಲ್ಪ ಹೊತ್ತು ಅಂಕಿ 98, 99 ಎಂದೇ ತೋರಿಸುತ್ತಿರುತ್ತದೆ. ಅಂಗಡಿಯ ಗಲ್ಲಾದಲ್ಲಿ ನಿನ್ನೆಯ ದುಡ್ಡಿದೆ ಎಂದು ಇವತ್ತಿನ ವ್ಯಾಪಾರ ನಡೆಯುತ್ತಿದೆ ಎಂದುಕೊಂಡ ಹಾಗೆ. ಹೊರಬರುವ ಉಸಿರಿನಲ್ಲಿರುವ ಇಂಗಾಲದ ಡೈಆಕ್ಸೈಡನ್ನು ಅಳೆಯುವ ಇನ್ನೊಂದು ಯಂತ್ರವಿದೆ, ಕ್ಯಾಪ್ನೋಗ್ರಾಫ್ ಎಂದು ಹೆಸರು. ಉಸಿರು ನಿಂತ ಕೂಡಲೇ ಅದರ ಅಲೆ ಮಲಗಿಬಿಡುತ್ತದೆ. ಆಳದ ಮತ್ತಿಗೆ ಅದು ಬೇಕೇ ಬೇಕು ಎನ್ನುತ್ತದೆ ಅಮೆರಿಕದ ನಿಯಮ. ಇದಲ್ಲದೆ ಆಮ್ಲಜನಕ, ಮಗುವಿನ ಮುಖಕ್ಕೆ ಹೊಂದುವ ಚಿಕ್ಕ ಮಾಸ್ಕು, ಉಸಿರು ತುಂಬುವ ಬ್ಯಾಗು, ಬಾಯಿಯ ನೀರು ಎಳೆಯುವ ಸಕ್ಷನ್, ಇಷ್ಟೂ ಕೈಗೆಟುಕಿನಲ್ಲಿರಬೇಕು. ಪಕ್ಕದ ಓಣಿಯ ನರ್ಸಿಂಗ್ ಹೋಮಿನಲ್ಲಿದೆ ಎಂದರೆ ಇಲ್ಲ ಎಂದೇ ಅರ್ಥ.

ಸೀಸೆಯೊಳಗೆ ಏನಿದೆ?

ಸ್ಕ್ಯಾನಿಗೆ, ಇಇಜಿಗೆ, ಕಿವಿಯ ಬೆರಾ ಪರೀಕ್ಷೆಗೆ ನಮ್ಮ ಕಡೆ ಕುಡಿಸುವುದು ಹೆಚ್ಚಾಗಿ ಟ್ರೈಕ್ಲೋಫಾಸ್ ಎಂಬ ಸಿರಪ್ಪು. ಪೆಡಿಕ್ಲೋರಿಲ್ ಎಂಬ ಹೆಸರಿನಲ್ಲಿ ಹಲವರು ಕಂಡಿದ್ದಾರೆ. ಇದು 1869ರಿಂದ ಬಳಕೆಯಲ್ಲಿದ್ದ ಕ್ಲೋರಲ್ ಹೈಡ್ರೇಟಿನ ದಾಯಾದಿ. ಮೈಯೊಳಗೆ ಎರಡೂ ಒಂದೇ ವಸ್ತುವಾಗಿ ಬದಲಾಗುತ್ತವೆ. ಕುಡಿಸಿದ ಕೂಡಲೇ ನಿದ್ದೆ ಬರುವುದಿಲ್ಲ, ಅರ್ಧ ಮುಕ್ಕಾಲು ಗಂಟೆ ಹಿಡಿಯುತ್ತದೆ. ಮಗು ಮಲಗಲಿಲ್ಲವೆಂದು ಅವಸರ ಮಾಡಿ ಇನ್ನೊಂದು ಚಮಚೆ, ಮತ್ತೊಂದು ಚಮಚೆ ಹಾಕುವುದು ಇಲ್ಲಿಯೇ. ಬರಲು ನಿಧಾನವಾದದ್ದು ಹೋಗಲೂ ನಿಧಾನ. ಮೈಯಲ್ಲಿ ಅರ್ಧದಷ್ಟು ಕರಗಲಿಕ್ಕೇ ಎಂಟು ಗಂಟೆಯಷ್ಟು ಹೊತ್ತು ಬೇಕು. ಸ್ಕ್ಯಾನು ಮುಗಿದಿರುತ್ತದೆ, ಬಿಲ್ಲು ಕಟ್ಟಿಯಾಗಿರುತ್ತದೆ, ಬಸ್ಸು ಹರಿಹರ ದಾಟಿರುತ್ತದೆ, ಔಷಧಿ ಮಾತ್ರ ಇನ್ನೂ ಡ್ಯೂಟಿಯಲ್ಲೇ ಇರುತ್ತದೆ.

ಮಿಡಜೋಲಾಮ್ ಎಂಬುದು ಬೇಗ ಬಂದು ಬೇಗ ಹೋಗುವ ಜಾತಿ. ಬಾಯಿಗೂ ಕೊಡುತ್ತಾರೆ, ಮೂಗಿಗೂ ಸ್ಪ್ರೇ ಮಾಡುತ್ತಾರೆ. ಅದಕ್ಕೆ ತಿರುಗುಮದ್ದೂ ಇದೆ. ಕೆಟಮಿನ್ ಕೊಟ್ಟ ಮಗು ಕಣ್ಣು ಬಿಟ್ಟುಕೊಂಡೇ ಎಲ್ಲೋ ನೋಡುತ್ತಿರುತ್ತದೆ. ತಾಯಂದಿರು ನೋಡಿ ಹೌಹಾರುವುದುಂಟು, ಅದು ಔಷಧಿಯ ಗುಣ. ಹಲ್ಲಿನವರು ಕೊಡುವ ನಗೆ ಅನಿಲಕ್ಕೆ ದೊಡ್ಡ ಇತಿಹಾಸವೇ ಇದೆ. 1844ರ ಡಿಸೆಂಬರಿನಲ್ಲಿ ಅಮೆರಿಕದ ಹಾರ್ಟ್‌ಫರ್ಡಿನ ದಂತವೈದ್ಯ ಹೊರೇಸ್ ವೆಲ್ಸ್ ಆ ಅನಿಲ ಎಳೆದುಕೊಂಡು ತನ್ನದೇ ಹಲ್ಲು ಕೀಳಿಸಿಕೊಂಡು ನೋಡಿದ. ಈಗ ಅದನ್ನು ಆಮ್ಲಜನಕದ ಜೊತೆ ಬೆರೆಸಿ ಮೂಗಿನ ಮಾಸ್ಕಿನಲ್ಲಿ ಕೊಡುತ್ತಾರೆ. ಮಗು ಎಚ್ಚರವಿದ್ದು ಮಾತಾಡುತ್ತಲೇ ಇರುತ್ತದೆ, ನಿಲ್ಲಿಸಿದ ಕೆಲವೇ ನಿಮಿಷಕ್ಕೆ ಮತ್ತು ಇಳಿಯುತ್ತದೆ. ಒಂಟಿಯಾಗಿ ಕೊಟ್ಟರೆ ಇವೆಲ್ಲದರಲ್ಲಿ ಸಾಧು. ಬೇರೆ ಮತ್ತಿನ ಜೊತೆ ಸೇರಿದರೆ ಅದರ ಸಾಧುತನವೂ ಹೋಯಿತು. ಮೂಗು ಕಟ್ಟಿದ ಮಗುವಿಗೆ, ಚೀರಿ ಮಾಸ್ಕು ಕಿತ್ತೆಸೆಯುವ ಮಗುವಿಗೆ ಅದು ನಡೆಯುವುದಿಲ್ಲ.

ಇನ್ನು ಫೆನರ್ಗಾನ್. ಇದರ ಬಗ್ಗೆ ಸ್ವಲ್ಪ ಬಿಚ್ಚಿ ಹೇಳಬೇಕು. ಕೆಮ್ಮಿಗೆ, ತುರಿಕೆಗೆ, ವಾಂತಿಗೆ ಎಂದು ಮನೆಮನೆಯಲ್ಲಿ ಇದ್ದ ಸೀಸೆ ಅದು. ರಾತ್ರಿ ಬಸ್ಸಿಗೆ ಬೆಂಗಳೂರಿಗೆ ಹೊರಟವರು 'ಕೂಸು ಕಾಟ ಕೊಡದಿರಲಿ' ಎಂದು ಒಂದು ಚಮಚೆ ಹಾಕಿ ಹತ್ತುವುದು ಹೊಸತಲ್ಲ. ಎರಡು ವರ್ಷದೊಳಗಿನ ಮಕ್ಕಳಿಗೆ ಇದನ್ನು ಕೊಡಲೇಬಾರದು, ಉಸಿರು ನಿಂತು ಸತ್ತದ್ದುಂಟು ಎಂದು ಅಮೆರಿಕದ ಔಷಧ ಇಲಾಖೆ 2004ರ ಕೊನೆಯಲ್ಲಿ ಸೀಸೆಯ ಮೇಲೆ ಕಪ್ಪು ಚೌಕದ ಎಚ್ಚರಿಕೆ ಹಾಕಿಸಿತು. ಎರಡು ದಾಟಿದವರಿಗೂ ಎಚ್ಚರದಿಂದಲೇ ಎಂದಿತು. ನಿದ್ದೆ ಬರಿಸಲಿಕ್ಕೆ ಎಂದು ಯಾವ ಸಿರಪ್ಪನ್ನೂ ಮೆಡಿಕಲ್ ಶಾಪಿನಿಂದ ಸುಮ್ಮನೆ ತಂದು ಮನೆಯಲ್ಲಿ ಕುಡಿಸಬಾರದು. ಹಲ್ಲು ಕೀಳಿಸಲು ಹೊರಡುವ ಬೆಳಿಗ್ಗೆಯಂತೂ ಕೂಡದು. ಹೊಟ್ಟೆಯಲ್ಲಿ ಒಂದು ಮತ್ತು ಇದೆ ಎಂಬುದು ತಿಳಿಯದ ಡಾಕ್ಟರು ಅದರ ಮೇಲೆ ಇನ್ನೊಂದನ್ನು ಕೊಡುತ್ತಾರೆ. ಮೆಡಿಕಲ್ ಶಾಪಿನವರೂ ನಮ್ಮ ಓದುಗರೇ. ಚೀಟಿ ಕೇಳಿದರೆ ಗಿರಾಕಿ ಪಕ್ಕದ ಅಂಗಡಿಗೆ ಹೋಗುತ್ತಾನೆ ಎಂಬ ಅವರ ಸಂಕಟ ಗೊತ್ತಿದ್ದೇ ಈ ಮಾತು.

ಅಜ್ಜಿಯ ಬಿಸ್ಕತ್ತು

ಡಾಕ್ಟರು 'ಹೊಟ್ಟೆ ಖಾಲಿ ಇರಲಿ' ಎಂದಿರುತ್ತಾರೆ. ಮಗು ಹಸಿವೆಂದು ಅತ್ತಿರುತ್ತದೆ. ಅಜ್ಜಿಯ ಕರುಳು ಕೇಳಬೇಕಲ್ಲ! ಸೆರಗಿನ ಮರೆಯಲ್ಲಿ ಎರಡು ಬಿಸ್ಕತ್ತು, ಒಂದು ಗುಟುಕು ಹಾಲು. 'ಏನೂ ಕೊಟ್ಟಿಲ್ಲ ಸಾರ್' ಎಂದು ಅಪ್ಪ ಒಳ್ಳೆಯ ಮನಸ್ಸಿನಿಂದಲೇ ಹೇಳುತ್ತಾನೆ, ಅವನಿಗೆ ಗೊತ್ತಿದ್ದರೆ ತಾನೆ. ಮತ್ತಿನಲ್ಲಿ ವಾಂತಿಯಾದರೆ ಆ ಹಾಲು ಬಿಸ್ಕತ್ತು ನೇರ ಶ್ವಾಸಕೋಶಕ್ಕೆ ಇಳಿಯುತ್ತದೆ. ಅದಕ್ಕೇ ಲೆಕ್ಕ: ಬರೀ ನೀರಾದರೆ ಎರಡು ಗಂಟೆ ಮೊದಲಿನವರೆಗೆ, ತಾಯಿಯ ಹಾಲಾದರೆ ನಾಲ್ಕು ಗಂಟೆ, ಹಸುವಿನ ಹಾಲು, ಡಬ್ಬಿ ಹಾಲು, ಇಡ್ಲಿಯಂಥ ಹಗುರ ತಿಂಡಿಯಾದರೆ ಆರು ಗಂಟೆ, ಎಣ್ಣೆ ಬೆಣ್ಣೆಯ ಊಟವಾದರೆ ಎಂಟು ಗಂಟೆ. ಹಾಲು ನೀರಿನ ಲೆಕ್ಕಕ್ಕೆ ಬರುವುದಿಲ್ಲ, ಇದನ್ನು ಅಜ್ಜಿಗೆ ಬಿಡಿಸಿ ಹೇಳಬೇಕು. ಹಾಗೆಂದು ಹಿಂದಿನ ರಾತ್ರಿಯಿಂದಲೇ ನೀರೂ ಕೊಡದೆ ಒಣಗಿಸುವುದೂ ತಪ್ಪು. ಏನಾದರೂ ತಿಂದಿದ್ದರೆ ನಾಚಿಕೆ ಬಿಟ್ಟು ಹೇಳಿಬಿಡಬೇಕು. ಹೆಚ್ಚೆಂದರೆ ಇನ್ನೊಂದು ದಿನ ಬನ್ನಿ ಎಂದಾರು. ಬಸ್ ಚಾರ್ಜು ಹೋಯಿತು, ಅಷ್ಟೇ.

ಹೇಳಬೇಕಾದದ್ದು ಇನ್ನೂ ಇದೆ. ರಾತ್ರಿ ಮಗು ಗೊರಕೆ ಹೊಡೆಯುತ್ತದೆಯೇ, ಬಾಯಿ ತೆರೆದು ಮಲಗುತ್ತದೆಯೇ? ಹಾಗಿದ್ದರೆ ಟಾನ್ಸಿಲ್ ದೊಡ್ಡದಿರಬಹುದು, ಮತ್ತಿನಲ್ಲಿ ಅದು ದಾರಿ ಅಡ್ಡಗಟ್ಟುತ್ತದೆ. ನೆಗಡಿ, ಕೆಮ್ಮು, ಜ್ವರ ಇದೆಯೇ? ಮುಂದಕ್ಕೆ ಹಾಕುವುದು ಒಳ್ಳೆಯದು. ಫಿಟ್ಸಿಗೆ ಮಾತ್ರೆ ನಡೆಯುತ್ತಿದೆಯೇ? ಹೃದಯದ ತೊಂದರೆ ಇದೆ ಎಂದು ಯಾರಾದರೂ ಹೇಳಿದ್ದರೇ? ಹಲ್ಲು ಅಲುಗಾಡುತ್ತಿದೆಯೇ? ಡಾಕ್ಟರು ಕೇಳಲಿಲ್ಲವೆಂದರೆ ತಾವಾಗಿಯೇ ಹೇಳಬೇಕು.

ಎಲ್ಲ ಮಕ್ಕಳಿಗೂ ಮತ್ತು ಬೇಕೇ?

ಬೇಡ. ಈಗಿನ ಸಿಟಿ ಸ್ಕ್ಯಾನು ಕೆಲವೇ ಸೆಕೆಂಡಿನ ಕೆಲಸ, ಅಮ್ಮ ಪಕ್ಕದಲ್ಲಿ ನಿಂತು ಮಾತಾಡಿಸಿದರೆ ಎಷ್ಟೋ ಮಕ್ಕಳು ಸುಮ್ಮನಿರುತ್ತವೆ. ಎಳೆ ಕೂಸಿಗೆ ಹಾಲುಣಿಸಿ, ಬಟ್ಟೆಯಲ್ಲಿ ಬಿಗಿಯಾಗಿ ಸುತ್ತಿ ಮಲಗಿಸಿಯೇ ಎಂಆರ್‌ಐ ಮಾಡುವುದುಂಟು. ಇಇಜಿಗೆ ಹಿಂದಿನ ರಾತ್ರಿ ತಡವಾಗಿ ಮಲಗಿಸಿ ಬೇಗ ಎಬ್ಬಿಸಿದರೆ ಹಲವು ಮಕ್ಕಳು ತಾವಾಗಿಯೇ ಕಣ್ಣು ಮುಚ್ಚುತ್ತವೆ. ಹಲ್ಲಿನ ಕಡೆ ಬಂದರೆ ಮಕ್ಕಳ ದಂತ ವಿಭಾಗ ಎಂದೇ ಬೇರೆ ಶಾಖೆಯಿದೆ. ಮೊದಲು ಹೇಳುವುದು, ಆಮೇಲೆ ತೋರಿಸುವುದು, ಕೊನೆಗೆ ಮಾಡುವುದು ಎಂಬುದು ಅಲ್ಲಿನ ಪಾಠ. ಒಂದು ದಿನ ಕುರ್ಚಿ ಮೇಲೆ ಕೆಳಗೆ ಮಾಡಿ ಕಳಿಸುತ್ತಾರೆ, ಇನ್ನೊಂದು ದಿನ ಬ್ರಷ್ಷು ಹಾಕುತ್ತಾರೆ. 'ನಾಲ್ಕು ಸಲ ಓಡಾಡಿಸಿದ್ರು' ಎಂದು ಬಯ್ಯುವ ತಂದೆಗೆ, ಆ ನಾಲ್ಕು ಸಲದಿಂದ ಒಂದು ಮತ್ತು ತಪ್ಪಿತು ಎಂಬುದು ಹೊಳೆದಿರುವುದಿಲ್ಲ. ಕೆಲವು ಹುಳುಕಿಗೆ ಬೆಳ್ಳಿಯ ಅಂಶವಿರುವ ಫ್ಲೋರೈಡ್ ದ್ರವ ಹಚ್ಚಿದರೆ ಹುಳುಕು ಅಲ್ಲೇ ನಿಲ್ಲುತ್ತದೆ. ಆ ಜಾಗ ಕಪ್ಪಾಗುತ್ತದೆ ನಿಜ, ಬೀಳಲಿರುವ ಹಾಲು ಹಲ್ಲಿಗೆ ಅಂದವೇನು.

ಹಾಗೆಂದು ಬೇಕಾದಾಗ ಹೆದರಿ ಓಡಿಬರುವುದೂ ಬೇಡ. ಹನ್ನೆರಡು ಹಲ್ಲು ಹುಳುಕಾಗಿ ಕೀವು ಕಟ್ಟಿದ ಮಗುವಿಗೆ ಅನಸ್ತೇಷಿಯ ಡಾಕ್ಟರ ಕೈಯಲ್ಲಿ ಪೂರಾ ಅರಿವಳಿಕೆ ಕೊಟ್ಟು ಒಂದೇ ಸಲಕ್ಕೆ ಎಲ್ಲ ಮುಗಿಸುವುದೇ ಸುರಕ್ಷಿತ. ತಂಡ ಸರಿಯಿದ್ದರೆ ಏನಾಗುತ್ತದೆ ಎಂಬುದಕ್ಕೂ ಲೆಕ್ಕವಿದೆ. 2006ರಲ್ಲಿ ಅಮೆರಿಕದ ತಜ್ಞರ ಗುಂಪೊಂದು ಥಿಯೇಟರಿನ ಹೊರಗೆ ಮಕ್ಕಳಿಗೆ ಮತ್ತು ಕೊಟ್ಟ 30,037 ಪ್ರಕರಣಗಳ ಲೆಕ್ಕ ಪ್ರಕಟಿಸಿತು. ಸಣ್ಣಪುಟ್ಟ ಉಸಿರಿನ ತೊಂದರೆಗಳು ಆಗಿದ್ದವು, ಸರಿಪಡಿಸಿದ್ದರು. ಸಾವು ಒಂದೂ ಇರಲಿಲ್ಲ.

ಅನಸ್ತೇಷಿಯ ಡಾಕ್ಟರನ್ನು ಕರೆಸಿದರೆ ಖರ್ಚು ಹೆಚ್ಚು, ಅದನ್ನು ಮುಚ್ಚಿಡುವುದರಲ್ಲಿ ಅರ್ಥವಿಲ್ಲ. ಚಿಕ್ಕ ಶಾಪಿನವರು ಸಿರಪ್ಪಿನಲ್ಲೇ ಸುಧಾರಿಸುವುದಕ್ಕೆ ಅದೂ ಒಂದು ಕಾರಣ, ಜನ ಅದನ್ನೇ ಕೇಳುವುದಕ್ಕೂ ಅದೇ ಕಾರಣ. ಆದರೆ ಕೇಳಲು ಕಾಸು ಬೇಕಿಲ್ಲ. ಚಿಕಿತ್ಸೆ ಯಾವ ಬಗೆಯದು, ಅಪಾಯವೇನು, ಬೇರೆ ದಾರಿ ಇದೆಯೇ ಎಂಬುದನ್ನು ಸಾಕಷ್ಟು ತಿಳಿಸಿಯೇ ಒಪ್ಪಿಗೆ ಪಡೆಯಬೇಕು ಎಂದು ಸುಪ್ರೀಂ ಕೋರ್ಟು 2008ರ ತೀರ್ಪಿನಲ್ಲಿ ಹೇಳಿದೆ. ಓದದೆ ಹೆಬ್ಬೆಟ್ಟು ಒತ್ತಿಸಿಕೊಂಡ ಕಾಗದ ಒಪ್ಪಿಗೆಯಲ್ಲ. 'ಯಾವ ಔಷಧಿ ಸಾರ್, ಎಷ್ಟು ಹೊತ್ತು ಇರ್ತದೆ, ಕೂಸಿನ ಉಸಿರು ಯಾರು ನೋಡ್ತಾರೆ?' ಎಂದು ಕೇಳಿದರೆ ಒಳ್ಳೆಯ ಡಾಕ್ಟರು ಸಿಡುಕುವುದಿಲ್ಲ.

ಬೈಕಿನ ನಡುವೆ, ಬಸ್ಸಿನ ಸೀಟಿನಲ್ಲಿ

ಮುಗಿಯಿತು ಎಂದುಕೊಂಡ ಮೇಲೆ ಉಳಿಯುವುದು ಮನೆಯ ದಾರಿ. ಅಪ್ಪ ಬೈಕು ನಡೆಸುತ್ತಾನೆ, ಅವ್ವ ಹಿಂದೆ, ನಡುವೆ ಒತ್ತಿ ನಿಲ್ಲಿಸಿದ ಅರೆನಿದ್ದೆಯ ಮಗು. ಅದರ ಮುಖ ಅಪ್ಪನ ಬೆನ್ನಿಗೆ ಒತ್ತಿದೆ, ಮೂಗು ಎಲ್ಲಿದೆಯೋ ಇಬ್ಬರಿಗೂ ಕಾಣದು. ಮತ್ತು ಕೊಟ್ಟ ದಿನ ಬೈಕು ಬೇಡವೇ ಬೇಡ.

ಮಗುವನ್ನು ಯಾವಾಗ ಕರೆದೊಯ್ಯಬಹುದು? ಯಾರೂ ಅಲುಗಿಸದೆ, ಸದ್ದಿಲ್ಲದ ಕಡೆ ಬಿಟ್ಟರೂ ಅದು ತಾನಾಗಿಯೇ ಎಚ್ಚರವಾಗಿರಬೇಕು. ಮೊದಲಿನ ಹಾಗೆ ಮಾತಾಡಬೇಕು, ಕೂರುವ ಮಗುವಾದರೆ ಆಸರೆ ಇಲ್ಲದೆ ಕೂರಬೇಕು. ಎಬ್ಬಿಸಿದಾಗ ಕಣ್ಣು ಬಿಟ್ಟು, ಬಿಟ್ಟ ಕೂಡಲೇ ಮತ್ತೆ ಜಾರಿದರೆ ಅದು ಎಚ್ಚರವಲ್ಲ. ಕಳಿಸಲು ಅವಸರ ಮಾಡಿದರೆ 'ಇನ್ನೂ ಸ್ವಲ್ಪ ಹೊತ್ತು ಇಲ್ಲೇ ಇರ್ತೀವಿ' ಎಂದು ಕೂತುಬಿಡಬೇಕು. ಬೆಂಚಿಗೆ ಬಾಡಿಗೆ ಇಲ್ಲ.

ದಾರಿಗೆ ಇಬ್ಬರು ದೊಡ್ಡವರಿರಬೇಕು. ಒಬ್ಬರು ಚೀಲ, ಟಿಕೆಟ್ಟು, ಚಿಲ್ಲರೆ ನೋಡಿಕೊಂಡರೆ ಇನ್ನೊಬ್ಬರ ಕೆಲಸ ಕೂಸಿನ ಮುಖ ನೋಡುವುದು. ಮಡಿಲಲ್ಲಿ ಒರಗಿಸಿಕೊಂಡು ತಲೆ ಹಿಂದಕ್ಕೆ ತೋಳಿನ ಮೇಲಿರಲಿ, ಗದ್ದ ಎದೆಗೆ ತಾಗದಿರಲಿ. ಚಳಿಯೆಂದು ಮುಖದ ಮೇಲೆ ಸೆರಗು ಮುಚ್ಚಬಾರದು. ಆಗಾಗ ಹೆಸರು ಹಿಡಿದು ಕರೆಯಬೇಕು, ಉತ್ತರ ಬರಬೇಕು. ಗೊರಗೊರ ಸದ್ದು ಬಂದರೆ ಗದ್ದ ಮೇಲೆತ್ತಿ ಕತ್ತು ನೇರ ಮಾಡಬೇಕು. ತುಟಿ ನೀಲಿಯಾದರೆ, ಉಸಿರೆಳೆದಾಗ ಪಕ್ಕೆ ಒಳಗೆ ಹೋದರೆ, ಎಬ್ಬಿಸಿದರೂ ಏಳದಿದ್ದರೆ ಮುಂದಿನ ಸ್ಟಾಪಿಗೆ ಕಾಯದೆ ಬಸ್ಸು ನಿಲ್ಲಿಸಿ 108ಕ್ಕೆ ಫೋನು ಮಾಡಬೇಕು, ಹತ್ತಿರದ ಆಸ್ಪತ್ರೆಯ ಕಡೆ ತಿರುಗಬೇಕು. ಕಂಡಕ್ಟರು ಬೈದರೂ ಬೈಯಲಿ.

ಸಂಜೆಯ ಪಾಳಿಗೆ ಒಪ್ಪಿಕೊಂಡವರಿಗೆ ಕಾಯಲು ಪುರುಸೊತ್ತಿರುವುದಿಲ್ಲ. ಕಡೆಯ ಬಸ್ಸು ತಪ್ಪೀತು ಎಂಬ ಆತಂಕದಲ್ಲಿ ಮಗುವನ್ನು ಹೆಗಲಿಗೆ ಹಾಕಿಕೊಂಡು ಸ್ಟ್ಯಾಂಡಿನ ಕಡೆ ಓಡುತ್ತಾರೆ. ಹಳ್ಳಿಯಿಂದ ಬರುವವರು ದಿನ ಗೊತ್ತುಮಾಡುವಾಗಲೇ 'ನಮಗೆ ಬೆಳಿಗ್ಗೆ ಮೊದಲನೇ ನಂಬರು ಕೊಡ್ರೀ' ಎಂದು ಕೇಳಬೇಕು. ಆಗ ಹೊಟ್ಟೆ ಖಾಲಿ ಇರುವ ಹೊತ್ತೂ ಕಡಿಮೆಯಾಗುತ್ತದೆ, ಮಗು ಅಳುವುದೂ ಕಡಿಮೆ. ಮಧ್ಯಾಹ್ನದವರೆಗೆ ಅಲ್ಲೇ ಕೂತಿದ್ದು, ಕೂಸು ತಾನಾಗಿ ಎದ್ದು 'ಅವ್ವಾ, ಹಸಿವು' ಎಂದ ಮೇಲೆ, ಎರಡು ಗುಟುಕು ನೀರು ಕುಡಿಸಿ, ವಾಂತಿಯಾಗದ್ದು ನೋಡಿಕೊಂಡು ಮೂರು ಗಂಟೆಯ ಬಸ್ಸಿಗೆ ಹೊರಟರೆ ಬೆಳಕಿರುವಾಗಲೇ ಊರು ಸೇರಬಹುದು.